ಸೋತವರ ಮನೆಯ ಊಟ

ನಮ್ಮ ಯಜಮಾನರಿಗೆ ದೊಡ್ಡ ಕೋರ್ಟಿನ ನ್ಯಾಯಮೂರ್ತಿ ಹುದ್ದೆ ಬಂತು ಎಂದು ಸುದ್ದಿ ಮುಟ್ಟಿದ ದಿನ ನಮ್ಮತ್ತೆ ಮೊದಲು ಮಾಡಿದ ಕೆಲಸವೆಂದರೆ ಡಬ್ಬಿ ತುಂಬ ಓಂಕಾಳು ಹುರಿದಿಟ್ಟದ್ದು. ನೋಡಲು ಬಂದ ನೆಂಟರೂ ಹೂವಿನ ಹಾರ ತರಲಿಲ್ಲ. ಒಬ್ಬರು ಒಣಶುಂಠಿ ತಂದರು, ಒಬ್ಬರು ಹಿಂಗು ತಂದರು, ನಮ್ಮ ಚಿಕ್ಕಮಾವ ಮನೆಯಲ್ಲೇ ಕುಟ್ಟಿದ ಯಾವುದೋ ಚೂರ್ಣದ ಪೊಟ್ಟಣ ತಂದು, "ಊಟಕ್ಕೆ ಮುಂಚೆ ಒಂದು ಚಿಟಿಕೆ, ಆದ್ಮೇಲೆ ಒಂದು ಚಿಟಿಕೆ. ದೇವರಿದಾನೆ ಕಣಪ್ಪ" ಎಂದು ಅವರ ಬೆನ್ನು ತಟ್ಟಿ ಹೋದರು.

ನಮ್ಮ ದೇಶದಲ್ಲಿ ದೊಡ್ಡ ಕೋರ್ಟಿನ ಮೇಲೆ ಇನ್ನೊಂದು ಕೋರ್ಟಿಲ್ಲ. ಅಲ್ಲಿ ಸೋತವರಿಗೆ ಉಳಿಯುವುದು ಒಂದೇ: ಮಾರನೆಯ ದಿನ ಮಧ್ಯಾಹ್ನ ನ್ಯಾಯಮೂರ್ತಿಗಳಿಗೆ ಊಟ ಬಡಿಸುವುದು. ತೀರ್ಪು ಕೊಟ್ಟ ಮೂವರೂ, ಹೌದೆಂದವರೂ ಅಲ್ಲವೆಂದವರೂ, ಕುಟುಂಬ ಸಮೇತ ಸೋತವರ ಮನೆಗೆ ಹೋಗಿ ಎಲೆಯ ಮುಂದೆ ಕೂರಬೇಕು. ಮೂರು ಸಲ ಬಡಿಸುವ ಹಕ್ಕು ಸೋತವರದು. ಬಡಿಸುತ್ತ ಏನು ಬೇಕಾದರೂ ಹೇಳುವ ಹಕ್ಕೂ ಅವರದೇ. ನ್ಯಾಯಮೂರ್ತಿಗಳು ತಲೆ ಬಗ್ಗಿಸಿ ತಿನ್ನುತ್ತ ಕೇಳಬೇಕು. ಮೂರು ಎಲೆಯೂ ಬರಿದಾದ ಮೇಲೆ ಬಾಗಿಲಲ್ಲಿ ನಿಂತ ಕೋರ್ಟಿನ ದಫೇದಾರ "ಎಲೆ ಖಾಲಿ!" ಎಂದು ಬೀದಿಗೆ ಕೇಳುವಂತೆ ಕೂಗುತ್ತಾನೆ. ಆಗಲೇ ತೀರ್ಪು ಜಾರಿ. ಒಬ್ಬರ ಎಲೆಯಲ್ಲಿ ಅಗುಳು ಉಳಿದರೂ ತೀರ್ಪು ಬಿದ್ದುಹೋಯಿತು, ಸೋತವರೇ ಗೆದ್ದ ಹಾಗೆ. ಇನ್ನು ನ್ಯಾಯಮೂರ್ತಿಗಳು ತಮ್ಮ ಮನೆ ಮತ್ತು ಸೋತವರ ಮನೆ ಬಿಟ್ಟರೆ ಎಲ್ಲೂ ಬಾಯಿಗೆ ಏನೂ ಹಾಕುವಂತಿಲ್ಲ, ಮದುವೆಮನೆಯಲ್ಲೂ ಇಲ್ಲ.

ಊರು ಇದಕ್ಕೆಲ್ಲ ಹೊಂದಿಕೊಂಡಿತ್ತು. ವಕೀಲರ ಹತ್ತಿರ ಹೋದರೆ ಅವರು ಪತ್ರ ಕೇಳುವ ಮೊದಲು "ಮನೇಲಿ ಅಡಿಗೆ ಯಾರು ಮಾಡೋದು?" ಎಂದು ಕೇಳುತ್ತಿದ್ದರು. ವ್ಯಾಜ್ಯ ಇರುವ ಮನೆಯ ಹೆಂಗಸರು ತಮ್ಮ ಕೈರುಚಿಯನ್ನು ತಾವೇ ಹಳಿದುಕೊಂಡು ತಿರುಗುತ್ತಿದ್ದರು. "ನಮ್ಮ ಸೊಸೆ ಮಾಡೋ ಸಾರನ್ನ ನಾಯೀನೂ ಮೂಸಲ್ಲ ಕಣಮ್ಮ" ಎಂದು ಒಬ್ಬ ಅತ್ತೆ ಸಂತೆಯಲ್ಲಿ ಸಾರಿದರೆ, ಓಹೋ, ಇವರದು ದೊಡ್ಡ ಕೋರ್ಟಿಗೆ ಹೋಗಿದೆ ಎಂದು ಜನ ತಿಳಿದುಕೊಳ್ಳುತ್ತಿದ್ದರು. ಯಾಕೆಂದರೆ ಅಡಿಗೆ ಚೆನ್ನಾಗಿರುವ ಮನೆಯವರನ್ನು ನ್ಯಾಯಮೂರ್ತಿಗಳು ಬೇಕೆಂದೇ ಸೋಲಿಸುತ್ತಾರೆ ಎಂಬ ಮಾತು ಊರ ತುಂಬ ಇತ್ತು.

ನಮ್ಮವರ ಮೊದಲ ಊಟ ನನಗೆ ಚೆನ್ನಾಗಿ ನೆನಪಿದೆ. ಗೋಡೆಯ ವ್ಯಾಜ್ಯದಲ್ಲಿ ಸೋತ ಒಂದು ಮನೆ. ಕೋಸಂಬರಿಯಿಂದ ಹಿಡಿದು ಪಾಯಸದ ತನಕ ಎಲ್ಲಕ್ಕೂ ಹಾಗಲಕಾಯಿ. ಬಡಿಸಿದವಳು ಆ ಮನೆಯ ಮುದುಕಿ. ಸೌಟು ಹಿಡಿದು ನಮ್ಮವರ ತಲೆಯ ಮೇಲೆ ನಿಂತು, "ಗೋಡೆ ಆಚೆ ನಮ್ಮ ಸೀಬೇಮರ ಹೋಯ್ತಲ್ಲಪ್ಪ, ಅದರ ನೆರಳಲ್ಲಿ ನಾನು ಬಾಣಂತನದ ಮಗೂನ ಮಲಗಿಸ್ತಿದ್ದೆ, ನಿನ್ನ ಕಾಗದದಲ್ಲಿ ಅದನ್ನೆಲ್ಲಿ ಬರ್ದೆ?" ಎಂದು ಕೇಳಿದಳು. ನಮ್ಮವರ ಹೆಸರು ಶಾಂತಮಲ್ಲಪ್ಪ. ಹೆಸರಿನಂತೆಯೇ ಮನುಷ್ಯ, ಹೊಟ್ಟೆಯಂತೂ ಇನ್ನೂ ಮೆತ್ತಗೆ. ಕಹಿ ನುಂಗಿ ಮನೆಗೆ ಬಂದು ಮಲಗಿದವರು, "ತೀರ್ಪು ಸರೀನೇ ಇತ್ತು ರುದ್ರಾಣಿ. ಆದ್ರೂ ಆ ಸೀಬೇಮರದ ಬಗ್ಗೆ ಒಂದು ಮಾತು ಬರೀಬೋದಿತ್ತು" ಎಂದರು. ಆಮೇಲಿಂದ ಅವರ ತೀರ್ಪುಗಳು ಸ್ವಲ್ಪ ಉದ್ದವಾದವು.

ಉಳಿದಿಬ್ಬರ ವಿಷಯ ಹೇಳುತ್ತೇನೆ. ನ್ಯಾಯಮೂರ್ತಿ ದೇವೀರಮ್ಮನವರು ಸಣ್ಣ ಆಳು. ಕಷಾಯ ಕುಡಿಯುವವರ ಹಾಗೆ ಕಣ್ಣು ಮುಚ್ಚಿ ಊಟ ಮಾಡುತ್ತಿದ್ದರು. ಬೆಲ್ಲ ಬಡಿಸಿದರೂ ಮೆಣಸಿನಕಾಯಿ ಬಡಿಸಿದರೂ ಮುಖದಲ್ಲಿ ಒಂದು ಗೆರೆ ಅಲ್ಲಾಡುತ್ತಿರಲಿಲ್ಲ. ಎರಡನೇ ಸಲ ಬಡಿಸಿಕೊಂಡವರೂ ಅಲ್ಲ, ಬಲವಂತ ಮಾಡಿದರೆ ಮಾತ್ರ. ಮುಖ್ಯ ನ್ಯಾಯಮೂರ್ತಿ ಭುಜಂಗಯ್ಯನವರು ಇದಕ್ಕೆ ತದ್ವಿರುದ್ಧ. ದೊಡ್ಡ ದೇಹ, ದೊಡ್ಡ ದನಿ. ಯಾವ ಮನೆಗೆ ಹೋದರೂ ಹಬ್ಬಕ್ಕೆ ಬಂದವರ ಹಾಗೆ ಪಂಚೆ ಸಡಿಲಿಸಿ ಕೂರುತ್ತಿದ್ದರು. ಹಾಗಲಕಾಯಿ ಪಾಯಸವನ್ನೂ ಸೊರ್ರೆಂದು ಎಳೆದು, "ಅಮ್ಮಾ, ಇದಕ್ಕೆ ಏಲಕ್ಕಿ ಹಾಕಿದ್ರಾ?" ಎಂದು ಆ ಮುದುಕಿಯನ್ನೇ ತಬ್ಬಿಬ್ಬು ಮಾಡಿದ್ದರು. ಯಾವಾಗಲೂ ಒಬ್ಬರೇ ಬರುತ್ತಿದ್ದರು. ನ್ಯಾಯಮೂರ್ತಿಗಳ ನಡುವೆಯೂ ಮನೆಗೆ ಕರೆದು ಉಪಚರಿಸುವಂತಿಲ್ಲವಾದ್ದರಿಂದ ಅವರ ಮನೆ ಹೇಗಿದೆ ಎಂದು ನಮಗೆ ಯಾರಿಗೂ ಗೊತ್ತಿರಲಿಲ್ಲ. ಬಾಯಿರುಚಿಗಾಗಿ ತೀರ್ಪು ತಿರುಗಿಸುವ ಆಸಾಮಿ ಇವರೇ ಎಂದು ಊರು ಬೆರಳು ತೋರಿಸುತ್ತಿತ್ತು. ಸುಳ್ಳೇಕೆ, ನಾನೂ ಹಾಗೆಂದೇ ತಿಳಿದಿದ್ದೆ.

ಎಲ್ಲರ ಮನೆಯ ಊಟವನ್ನೂ ಹೇಗೋ ತಿನ್ನಬಹುದು. ತಿನ್ನಲಾಗದ್ದು ಒಂದೇ, ಸರ್ಕಾರದ ಊಟ. ಸರ್ಕಾರ ಸೋತರೆ ಸರ್ಕಾರಿ ಅತಿಥಿಗೃಹದಲ್ಲಿ ಬಡಿಸುತ್ತಾರೆ. ಅದಕ್ಕೆಂದೇ ಒಂದು ಇಲಾಖೆ, ಇಲಾಖೆಗೊಬ್ಬ ವಿಶೇಷಾಧಿಕಾರಿ. ಕಂಠಯ್ಯ ಎಂದು ಆತನ ಹೆಸರು. ತೆಳ್ಳಗೆ ಬೆಳ್ಳಗೆ ಬಹಳ ವಿನಯದ ಮನುಷ್ಯ. ಅವನ ಅಡಿಗೆಯಲ್ಲಿ ಅನ್ನ ಒಂದು ಕಡೆ ಅಂಟಾಗಿ, ಇನ್ನೊಂದು ಕಡೆ ಅಕ್ಕಿಯಾಗಿ ಇರುತ್ತಿತ್ತಂತೆ. ಅದು ಹೇಗೆ ಸಾಧ್ಯ ಎಂದು ನನ್ನಂಥ ಎಷ್ಟೋ ಗೃಹಿಣಿಯರು ಯೋಚಿಸಿ ಸೋತಿದ್ದೇವೆ. ಹಿಂದೆ ಯಾವಾಗಲೋ ಒಮ್ಮೆ ಸರ್ಕಾರ ಸೋತಿತ್ತಂತೆ. ಮೂವರು ನ್ಯಾಯಮೂರ್ತಿಗಳೂ ಅರ್ಧ ಎಲೆಗೇ ಎದ್ದು ಬಚ್ಚಲಿಗೆ ಓಡಿದರಂತೆ. ತೀರ್ಪು ಬಿತ್ತು. ಅಲ್ಲಿಂದಾಚೆ ಸರ್ಕಾರ ಸೋತದ್ದೇ ಇಲ್ಲ.

ಇಂಥ ಹೊತ್ತಿನಲ್ಲಿ ತಿಮ್ಮಾಜಮ್ಮನ ಪ್ರಕರಣ ಬಂತು. ತಿಮ್ಮಾಜಮ್ಮನ ಮೆಸ್ಸು ಕೋರ್ಟಿನ ಎದುರಿಗೇ ಇತ್ತು. ಹಂಚಿನ ಮಾಡು, ಉದ್ದನೆಯ ಬೆಂಚು. ಅವಳ ಹುಳಿಯ ಒಗ್ಗರಣೆ ಚಟಪಟ ಎಂದರೆ ಕೋರ್ಟಿನ ಒಳಗೆ ವಾದ ಮಾಡುವ ವಕೀಲರು ಮಾತು ಮರೆಯುತ್ತಿದ್ದರು. ಈ ಮೆಸ್ಸು ತೆಗೆದು ಕೋರ್ಟಿಗೆ ಬರುವವರ ಕಾರು ನಿಲ್ಲಿಸಲು ಜಾಗ ಮಾಡಬೇಕು ಎಂದು ಸರ್ಕಾರ ಹೊರಟಿತ್ತು. ಕೋರ್ಟಿನ ಹಿಂದೆ ಸರ್ಕಾರದ್ದೇ ಖಾಲಿ ಜಾಗವಿತ್ತು. ಆದರೆ ಅಲ್ಲಿ ಸಾಯಂಕಾಲ ಅಧಿಕಾರಿಗಳು ಬ್ಯಾಡ್ಮಿಂಟನ್ ಆಡುತ್ತಿದ್ದರು.

ತಿಮ್ಮಾಜಮ್ಮ ಗೆಲ್ಲುವುದಿಲ್ಲ ಎಂದು ಊರು ಮೊದಲೇ ತೀರ್ಮಾನಿಸಿತು. ಈ ಕಡೆ ಅಮೃತದಂಥ ಅಡಿಗೆ, ಆ ಕಡೆ ಕಂಠಯ್ಯ. ಅದರ ಮೇಲೆ ಭುಜಂಗಯ್ಯನವರು ವಕೀಲರಾಗಿದ್ದಾಗ ಎರಡು ಹೊತ್ತೂ ಉಣ್ಣುತ್ತಿದ್ದದ್ದು ಅವಳ ಮೆಸ್ಸಿನಲ್ಲೇ. ನ್ಯಾಯಮೂರ್ತಿಯಾದ ಮೇಲೆ ಬರಿ ವಾಸನೆ ಕುಡಿದುಕೊಂಡು ಕೂತಿದ್ದರು. ಅವಳ ವಕೀಲ ಒಂದು ಉಪಾಯ ಹೇಳಿಕೊಟ್ಟ: "ತೀರ್ಪು ಬರೋ ತನಕ ಅಡಿಗೆ ಕೆಡಿಸಮ್ಮ. ಹುಳಿ ಸೀಯಿಸು. ವಾಸನೆ ಒಳಗೆ ಹೋಗ್ಲಿ." ತಿಮ್ಮಾಜಮ್ಮ ಒಂದು ದಿನ ಸೀಯಿಸಿದಳು. ಉಣ್ಣಲು ಬಂದವರು ಯಾರೋ ಸತ್ತ ಮನೆಗೆ ಬಂದವರ ಹಾಗೆ ಮಾತಿಲ್ಲದೆ ಉಂಡು ಹೋದರು. ಮಾರನೆಯ ದಿನ ಅವಳು ವಕೀಲನಿಗೆ, "ಜಾಗ ಹೋದ್ರೆ ಹೋಗ್ಲಿ ಸ್ವಾಮಿ, ನಂಗೆ ಕೈ ಬರಲ್ಲ" ಎಂದಳಂತೆ.

ವಾದ ಕೇಳಲು ನಾನೂ ಹೋಗಿ ಹೆಂಗಸರ ಬೆಂಚಿನಲ್ಲಿ ಕೂತಿದ್ದೆ. ಸರ್ಕಾರಿ ವಕೀಲರು ಸಾರ್ವಜನಿಕ ಅವಶ್ಯಕತೆ ಎಂಬ ಮಾತನ್ನು ಜಪದ ಹಾಗೆ ಹೇಳಿದರು. ದೇವೀರಮ್ಮನವರು, "ಊಟಕ್ಕಿಂತ ಕಾರು ನಿಲ್ಲಿಸೋದು ದೊಡ್ಡ ಅವಶ್ಯಕತೇನಾ? ಹಿಂದಿನ ಜಾಗ ಏನು ಪಾಪ ಮಾಡಿದೆ?" ಎಂದು ಕೇಳಿದರು. "ಅದು ಅಧಿಕಾರಿಗಳ ಆರೋಗ್ಯಕ್ಕೆ ಮೀಸಲು, ತಾಯಿ" ಎಂದು ಉತ್ತರ ಬಂತು. ಭುಜಂಗಯ್ಯನವರು ಮಾತ್ರ, "ಯಾವುದು ಅವಶ್ಯಕತೆ ಅಂತ ಹೇಳೋ ಅಧಿಕಾರ ಕಾನೂನು ಸರ್ಕಾರಕ್ಕೆ ಕೊಟ್ಟಿದೆಯೋ ಕೋರ್ಟಿಗೆ ಕೊಟ್ಟಿದೆಯೋ?" ಎಂದು ಪದೇಪದೇ ಕೇಳಿದರು. ಹೊಟ್ಟೆಬಾಕನಿಗೆ ನೆಪ ಬೇಕಲ್ಲ ಎಂದು ನನ್ನ ಪಕ್ಕದವಳು ಗೊಣಗಿದಳು.

ಕೊನೆಗೆ ತಿಮ್ಮಾಜಮ್ಮನನ್ನು ಏನಾದರೂ ಹೇಳುವುದಿದೆಯೇ ಎಂದು ಕೇಳಿದರು. ಅವಳು ಸೆರಗಿನಿಂದ ಕೈ ಒರೆಸಿಕೊಂಡು ಎದ್ದು ನಿಂತಳು. "ನಾನು ಸೋತ್ರೆ ಬೇಜಾರಿಂದ ಕೆಟ್ಟದಾಗಿ ಬಡಿಸ್ತೀನಿ ಅಂದ್ಕೋಬೇಡಿ. ಸೋತ್ರೂ ಹಬ್ಬದ ಅಡಿಗೇನೇ ಮಾಡ್ತೀನಿ. ಅದು ನನ್ನ ಒಲೆಯ ಕೊನೇ ಅಡಿಗೆ ಆಗುತ್ತಲ್ಲ, ಅದಕ್ಕೆ" ಎಂದು ಕೂತುಬಿಟ್ಟಳು. ಅವಳ ವಕೀಲ ತಲೆ ಮೇಲೆ ಕೈ ಹೊತ್ತು ಕೂತ.

ತೀರ್ಪಿನ ಹಿಂದಿನ ದಿನ ನಮ್ಮವರು ಬೆಳಿಗ್ಗೆಯಿಂದ ಹೆಬ್ಬಾಗಿಲ ಜಗಲಿಯಲ್ಲಿ ಕೂತು ಬರೆಯುವುದು, ಹೊಟ್ಟೆ ನೀವಿಕೊಳ್ಳುವುದು, ಮತ್ತೆ ಬರೆಯುವುದು ಮಾಡುತ್ತಿದ್ದರು. ಉಳಿದಿಬ್ಬರ ಒಲವು ಯಾವ ಕಡೆ ಎಂದು ಊರಿಗೆಲ್ಲ ಗೊತ್ತಿತ್ತು. ತಕ್ಕಡಿಯ ಮುಳ್ಳು ಇವರ ಕೈಯಲ್ಲಿತ್ತು. ನನಗೆ ತಡೆಯಲಾಗಲಿಲ್ಲ.

"ಏನೂಂದ್ರೆ, ಹೊಟ್ಟೆ ಕೇಳ್ಕೊಂಡು ತೀರ್ಪು ಬರೀತಿದೀರೋ ಹೆಂಗೆ?" ಎಂದೆ.

"ಹೊಟ್ಟೆ ತನ್ನ ಅಭಿಪ್ರಾಯ ಆಗ್ಲೇ ಹೇಳಿದೆ ಕಣೆ" ಎಂದರು. "ಬಹಳ ಸ್ಪಷ್ಟವಾಗಿ ಹೇಳಿದೆ. ಅದನ್ನ ಪಕ್ಕಕ್ಕಿಟ್ಟು ಬರೀತಿದೀನಿ."

ನಮ್ಮತ್ತೆ ಒಳಗಿನಿಂದ, "ಓಂಕಾಳು ಇನ್ನೊಂದು ಡಬ್ಬಿ ಹುರೀತೀನಿ" ಎಂದರು.

ತಿಮ್ಮಾಜಮ್ಮ ಗೆದ್ದಳು. ದೇವೀರಮ್ಮನವರು ಮತ್ತು ನಮ್ಮವರು ಒಂದು ಕಡೆ, ಭುಜಂಗಯ್ಯನವರು ಇನ್ನೊಂದು ಕಡೆ. ತೀರ್ಪು ಓದಿದಾಗ ಕೋರ್ಟಿನಲ್ಲಿ ಯಾರೂ ಚಪ್ಪಾಳೆ ತಟ್ಟಲಿಲ್ಲ. ಗೆದ್ದವಳೇ ಕಣ್ಣೀರು ಹಾಕಿಕೊಂಡು, "ಅಯ್ಯೋ, ಪಾಪ, ನಾಳೆ ಅವರಿಗೆ ಏನು ಗತಿ!" ಎಂದಳು. ಜನ ಇನ್ನೂ ಒಂದು ಮಾತು ಆಡಿಕೊಂಡರು. ಭುಜಂಗಯ್ಯ ತೀರ್ಪಿಗೆ ವಿರುದ್ಧ ಬರೆದವರು. ಅವರು ಎಲೆಯಲ್ಲಿ ಒಂದು ತುತ್ತು ಬಿಟ್ಟೆದ್ದರೆ ಸಾಕು, ಗೆದ್ದದ್ದು ಸೋತ ಹಾಗೆ. ಅವಳು ಸೋತರೆ ಇನ್ನೊಂದು ದಿನ ತಿಮ್ಮಾಜಮ್ಮನ ಮನೆಯಲ್ಲಿ ಹಬ್ಬದೂಟ. ಯಾರು ತಾನೇ ಬಿಟ್ಟಾರು?

ಮಾರನೆಯ ಮಧ್ಯಾಹ್ನ ಅತಿಥಿಗೃಹದ ಹೊರಗೆ ಊರೇ ಸೇರಿತ್ತು. ತಿಮ್ಮಾಜಮ್ಮ ಒಲೆ ಆರಿಸಿ ಬಂದು ಗೇಟಿನ ಹತ್ತಿರ ನಿಂತಿದ್ದಳು. ಒಳಗೆ ಕಂಠಯ್ಯ ಕೈ ಮುಗಿದು ಸ್ವಾಗತಿಸಿದ. ನೆಲದ ಮೇಲೆ ಎಲೆ ಹಾಕಿತ್ತು. ನನ್ನ ಎಲೆ ಲೆಕ್ಕಕ್ಕಿಲ್ಲವಾದ್ದರಿಂದ ನಾನು ಉಪ್ಪು ಮುಟ್ಟಿ ಸುಮ್ಮನೆ ಕೂತೆ. ಬಡಿಸಿದ್ದನ್ನು ಹೇಗೆ ಹೇಳಲಿ? ಪಲ್ಯ ಅಂದದ್ದು ಕುಂಬಳಕಾಯಿಯೋ ಬದನೆಕಾಯಿಯೋ ತಿಳಿಯುವಂತಿರಲಿಲ್ಲ. ಸಾರು ಪಾತ್ರೆ ತೊಳೆದ ನೀರಿಗೆ ಅರಿಸಿನ ಹಾಕಿದ ಹಾಗಿತ್ತು. ಉಪ್ಪಿಟ್ಟನ್ನು ಬಡಿಸಿದಾಗ ಎಲೆ ಹರಿಯಿತು. ಕೇಸರಿಬಾತು ಸೀಮೆಎಣ್ಣೆ ವಾಸನೆ ಹೊಡೆಯುತ್ತಿತ್ತು.

"ಸರ್ಕಾರದ ಪರವಾಗಿ ಹೇಳೋದೇನೂ ಇಲ್ಲ ಸ್ವಾಮಿ" ಎಂದ ಕಂಠಯ್ಯ. "ನಿಧಾನವಾಗಿ ಆಗ್ಲಿ."

ದೇವೀರಮ್ಮನವರು ಕಣ್ಣು ಮುಚ್ಚಿದರು. ಅವರ ಎಲೆ ಮೆಲ್ಲಗೆ ಬರಿದಾಗತೊಡಗಿತು. ಆದರೆ ಆ ದಿನ ಮೊದಲ ಸಲ ಅವರ ಹುಬ್ಬು ಅಲ್ಲಾಡಿದ್ದನ್ನು ಕಂಡೆ. ನಮ್ಮವರು ಒಂದೊಂದು ತುತ್ತಿಗೂ ಒಂದೊಂದು ದೇವರ ಹೆಸರು ಹೇಳುತ್ತಿದ್ದರು. ಮನೆದೇವರು ಮುಗಿದು, ಊರ ದೇವತೆಗಳು ಮುಗಿದು, ನನಗೆ ಕೇಳಿ ಗೊತ್ತಿಲ್ಲದ ದೇವರುಗಳೆಲ್ಲ ಬಂದುಹೋದರು. ಬೆವರು ಮೂಗಿನಿಂದ ಎಲೆಗೆ ತೊಟ್ಟಿಕ್ಕುತ್ತಿತ್ತು. ಅದರಿಂದಲಾದರೂ ಉಪ್ಪು ಸರಿಹೋದೀತು ಎಂದುಕೊಂಡೆ.

ಭುಜಂಗಯ್ಯನವರು ಎಲೆ ಮುಟ್ಟಿರಲಿಲ್ಲ. ಅಂಥ ಮನುಷ್ಯ ಉಪ್ಪಿಟ್ಟನ್ನೇ ದಿಟ್ಟಿಸುತ್ತ ಕೂತಿದ್ದರು. ಕಂಠಯ್ಯ ಅವರ ಪಕ್ಕಕ್ಕೆ ಬಂದು ಬಗ್ಗಿ ಮೆಲ್ಲಗೆ, ಆದರೆ ನಮಗೆಲ್ಲ ಕೇಳುವಂತೆ, "ಬುದ್ಧಿಯೋರು ಕಷ್ಟಪಡಬೇಡಿ. ತಾವು ಸರ್ಕಾರದ ಪರವಾಗೇ ಬರೆದಿದೀರಿ. ತಾವು ಎದ್ರೆ ಯಾರೂ ತಪ್ಪು ತಿಳಿಯಲ್ಲ" ಎಂದ.

ಭುಜಂಗಯ್ಯ ತಲೆ ಎತ್ತಿದರು. ಆ ದೊಡ್ಡ ದನಿ ಆ ದಿನ ಬಹಳ ಸಣ್ಣಗಿತ್ತು.

"ಕಂಠಯ್ಯ, ಈ ತೀರ್ಪು ತಪ್ಪು ಅಂತ ನಾನು ಬರ್ದಿದೀನಿ. ಇವತ್ತೂ ತಪ್ಪು ಅಂತ್ಲೇ ಹೇಳ್ತೀನಿ. ನಿನ್ನ ಅಡಿಗೆ ನೋಡಿದ್ಮೇಲೂ ಹೇಳ್ತೀನಿ. ಆದ್ರೆ ಅದು ನನ್ನ ಮಾತು. ಇದು ಕೋರ್ಟಿನ ಮಾತು. ಕೋರ್ಟು ಅಂದ್ರೆ ನಾನೊಬ್ನೇ ಅಲ್ಲ." ಹಾಗೆಂದವರೇ ಪಂಚೆ ಸಡಿಲಿಸಿ, ಉಪ್ಪಿಟ್ಟಿಗೆ ಕೈ ಹಾಕಿದರು. ಮುರಿಯಿತು, ಅದು ಉಪ್ಪಿಟ್ಟೋ ಅವರ ಉಗುರೋ ಗೊತ್ತಾಗಲಿಲ್ಲ. ಅನ್ನ ಕಲೆಸಿದರು. ಅಂಟನ್ನೂ ಅಕ್ಕಿಯನ್ನೂ ಒಟ್ಟಿಗೆ ನುಂಗಿದರು. ಎಲೆ ಒರೆಸಿ ನೆಟ್ಟಗೆ ಕೂತು, "ಇನ್ನೆರಡು ಸಲ ಬಡಿಸೋ ಹಕ್ಕಿದೆಯಲ್ಲಪ್ಪ ನಿಂಗೆ. ಬಡಿಸು" ಎಂದರು. ಕಂಠಯ್ಯ ಬಡಿಸಿದ, ತಿಂದರು. ಮತ್ತೆ ಬಡಿಸಿದ, ಮತ್ತೆ ತಿಂದರು. ಇವರನ್ನು ನೋಡಿ ನಮ್ಮವರಿಗೂ ಛಲ ಬಂತು. ದಫೇದಾರ ಒಳಗೆ ಇಣುಕಿ ಮೂರು ಎಲೆಯನ್ನೂ ನೋಡಿ, ನಂಬಲಾರದೆ ಮತ್ತೊಮ್ಮೆ ನೋಡಿ, "ಎಲೆ ಖಾಲಿ!" ಎಂದು ಕೂಗಿದ. ಹೊರಗೆ ಎದ್ದ ಗದ್ದಲಕ್ಕೆ ಅತಿಥಿಗೃಹದ ಪಾರಿವಾಳಗಳೆಲ್ಲ ಹಾರಿಹೋದವು.

ಇಷ್ಟಕ್ಕೇ ಮುಗಿದಿದ್ದರೆ ಚೆನ್ನಾಗಿತ್ತು. ಕೋರ್ಟಿನ ಕಾರಿನಲ್ಲಿ ಎಲ್ಲರೂ ವಾಪಸು ಹೊರಟೆವು. ಊರ ಹೊರಗಿನ ಮೋರಿಯ ಹತ್ತಿರ ನಮ್ಮವರು "ನಿಲ್ಸಿ, ನಿಲ್ಸಿ" ಎಂದು ಇಳಿದು, ಮೋರಿಕಟ್ಟೆ ಹಿಡಿದು, ಮನೆದೇವರಿಂದ ಹಿಡಿದು ಕೊನೆಯ ದೇವರವರೆಗೂ ಎಲ್ಲವನ್ನೂ ವಾಪಸು ಕೊಟ್ಟುಬಿಟ್ಟರು. ನಾನು ಬೆನ್ನು ನೀವುತ್ತಿದ್ದೆ. ತಿರುಗಿ ನೋಡಿದರೆ ಹಿಂದೆ, ದೂರದಲ್ಲಿ, ಕಂಠಯ್ಯ ಮೋಟಾರ್ ಸೈಕಲ್ಲಿನಲ್ಲಿ ಬರುತ್ತಿದ್ದ. ನೋಡಿಬಿಟ್ಟಿದ್ದ. ಒಂದು ಕೈ ಮೇಲೆತ್ತಿ ಏನೋ ಕೂಗುತ್ತಿದ್ದ.

ತಿಂದದ್ದು ಹೊರಗೆ ಬಂದರೆ ಊಟ ಆದಂತೆಯೋ ಇಲ್ಲವೋ? ಸರ್ಕಾರ ಆಕ್ಷೇಪಣೆ ಹಾಕುವುದು ಖಂಡಿತ. ಹಾಕಿ ಗೆದ್ದರೆ ತಿಮ್ಮಾಜಮ್ಮನ ಒಲೆ ಹೋಯಿತು. ಸೋತರೆ? ಸೋತರೆ ನಾಳೆ ಮತ್ತೆ ಸರ್ಕಾರದ ಊಟ! ನಮ್ಮವರು ಉಳಿಯುತ್ತಾರೆಯೇ?

ಅಷ್ಟರಲ್ಲಿ ಭುಜಂಗಯ್ಯನವರು ಕಾರಿನಿಂದ ದಡಬಡ ಇಳಿದರು. "ನನ್ನದೊಂದು ಆಕ್ಷೇಪಣೆ!" ಎಂದು ಗಟ್ಟಿಯಾಗಿ ಕೂಗಿದರು. "ಉಂಡದ್ದು ಹೊಟ್ಟೇಲಿ ನಿಲ್ಲಲಿಲ್ಲ, ಆದ್ದರಿಂದ ಊಟ ಆಗಿಲ್ಲ ಅಂತ ನಾನು, ಭುಜಂಗಯ್ಯ, ನನ್ನ ಸ್ವಂತ ಹೆಸರಲ್ಲಿ ಆಕ್ಷೇಪಿಸ್ತೀನಿ!"

"ಎಂಥಾ ಮನುಷ್ಯರಪ್ಪಾ ನೀವು!" ಎಂದು ನಾನು ಬಾಯಿ ಬಿಟ್ಟೇಬಿಟ್ಟೆ. ದೇವೀರಮ್ಮನವರು ಮಾತ್ರ ಒಂದು ಗಳಿಗೆ ಅವರ ಮುಖ ನೋಡಿ, ಒಂದು ಗಳಿಗೆ ಮೋಟಾರ್ ಸೈಕಲ್ಲಿನ ಕಡೆ ನೋಡಿ, ಸೀರೆ ನೆರಿಗೆ ಎತ್ತಿಕೊಂಡು ಓಡಿಬಂದು ಮೋರಿಕಟ್ಟೆಯ ಮೇಲೆ ಕೂತರು. "ಪೀಠ ಕೂತಿದೆ. ಶಾಂತಮಲ್ಲಪ್ಪನೋರೆ, ಬಾಯಿ ಒರೆಸ್ಕೊಂಡು ಬೇಗ ಬನ್ನಿ. ಕಾನೂನು ಎಲೆ ಖಾಲಿಯಾಗ್ಬೇಕು ಅನ್ನುತ್ತೆ, ಹೊಟ್ಟೆ ತುಂಬಿರ್ಬೇಕು ಅನ್ನಲ್ಲ. ಆಕ್ಷೇಪಣೆ ವಜಾ. ನೀವೇನಂತೀರಿ?"

"ವಜಾ" ಎಂದರು ನಮ್ಮವರು, ಅಂದದ್ದೇ ಮತ್ತೆ ಮೋರಿಯ ಕಡೆ ತಿರುಗಿದರು.

"ಇಬ್ಬರು ಒಬ್ಬರು. ನಾನು ಸೋತೆ" ಎಂದರು ಭುಜಂಗಯ್ಯ. ಇಷ್ಟು ಸಂತೋಷವಾಗಿ ಸೋತವರನ್ನು ನಾನು ಕಂಡಿಲ್ಲ. ಮೋಟಾರ್ ಸೈಕಲ್ಲು ಬಂದು ನಿಂತಿತು. ಕಂಠಯ್ಯ ಬಾಯಿ ತೆರೆಯುವ ಮೊದಲೇ ಅವರು ಅವನ ಹೆಗಲ ಮೇಲೆ ಕೈ ಹಾಕಿ, "ತಡವಾಯ್ತಲ್ಲಪ್ಪ. ಈ ಪ್ರಶ್ನೆ ಈಗ ತಾನೇ ತೀರ್ಮಾನ ಆಯ್ತು. ಆಗಿಹೋದದ್ದನ್ನ ಎರಡನೇ ಸಲ ಎತ್ತೋ ಹಾಗಿಲ್ಲ, ನಿಂಗೂ ಗೊತ್ತು. ಸೋತವನು ನಾನು. ಇವರಿಗೆಲ್ಲ ನಾಳೆ ಊಟ ನಮ್ಮನೇಲಿ" ಎಂದರು.

ಹಾಗಾಗಿ ಮಾರನೆಯ ಮಧ್ಯಾಹ್ನ ನಾವು ಭುಜಂಗಯ್ಯನವರ ಮನೆಗೆ ಹೋದೆವು. ನಾನು ಏನೇನೋ ಊಹಿಸಿದ್ದೆ, ಅಡಿಗೆಭಟ್ಟರು, ಉಗ್ರಾಣ, ತುಪ್ಪದ ಜಾಡಿ. ಬಾಗಿಲು ತೆಗೆದವರು ಅವರೇ. ಹೆಗಲ ಮೇಲೆ ಮಸಿಬಟ್ಟೆ, ಕನ್ನಡಕದ ಮೇಲೆ ಹಬೆ. ಹೆಂಡತಿ ತೀರಿಕೊಂಡು ಬಹಳ ವರ್ಷವಾಗಿತ್ತಂತೆ, ಮಕ್ಕಳಿಲ್ಲ. ಅಡಿಗೆಮನೆಯಲ್ಲಿ ಒಬ್ಬರಿಗೆ ಸಾಲುವಷ್ಟು ಪಾತ್ರೆ. ನಮಗಾಗಿ ಅನ್ನವನ್ನು ಎರಡು ಸಲ ಮಾಡಿದ್ದರು. ಬಿಸಿ ಅನ್ನ, ತೆಳ್ಳನೆಯ ಬೇಳೆಕಟ್ಟಿನ ಸಾರು, ಅಂಚು ಕರಿಕಾದ ಹಪ್ಪಳ, ಮೊಸರು. ಹೇಳಿಕೊಳ್ಳುವ ಅಡಿಗೆಯೇನಲ್ಲ. ಸಾರಿಗೆ ಉಪ್ಪು ಕೂಡ ಕಡಿಮೆ. ಹಿಂದಿನ ದಿನದ ಹೊಟ್ಟೆಗೆ ಅದು ಗಂಗಾಜಲದ ಹಾಗೆ ಇಳಿಯಿತು.

ಎಲ್ಲರಿಗೂ ಬಡಿಸಿ ತಮ್ಮ ಎಲೆಯ ಮುಂದೆ ಕೂತರು. ಬೇರೆಯವರ ಮನೆಗಳಲ್ಲಿ ಗಲಗಲ ಮಾತಾಡುವ ಮನುಷ್ಯ ತಮ್ಮ ಮನೆಯಲ್ಲಿ ಏನು ಮಾತಾಡಬೇಕೆಂದು ತಿಳಿಯದೆ ಹಪ್ಪಳ ಮುರಿಯುತ್ತಿದ್ದರು.

"ಸೋತವರು ಏನು ಬೇಕಾದ್ರೂ ಹೇಳ್ಬೋದು" ಎಂದು ದೇವೀರಮ್ಮನವರು ನೆನಪಿಸಿದರು. "ನಾವು ಕೇಳ್ಬೇಕು."

"ಹೇಳೋದೇನಿದೆಯಮ್ಮ. ಊರಲ್ಲಿ ಏನಂತಾರೆ ಅಂತ ನಂಗೂ ಗೊತ್ತು" ಎಂದರು ಅವರು. ಮುರಿದ ಹಪ್ಪಳವನ್ನು ಎಲೆಯ ಮೂಲೆಗೆ ಸರಿಸಿ, "ಈ ಮನೇಲಿ ಒಬ್ನೇ ಕೂತು ಉಂಡ್ರೆ ಎಂಥದ್ದೂ ರುಚಿ ಹತ್ತಲ್ಲ. ಎದುರಿಗೆ ಯಾರಾದ್ರೂ ಇರ್ಬೇಕು. ಬೈತಾ ನಿಂತಿದ್ರೂ ಪರವಾಗಿಲ್ಲ, ಅನ್ನ ಇಳಿಯುತ್ತೆ" ಎಂದರು.

ನಾನು ತಟ್ಟನೆ ತಲೆ ಬಗ್ಗಿಸಿಕೊಂಡೆ. ದೇವೀರಮ್ಮನವರು ತಿಂದ ಎಲೆಯನ್ನು ಮುಂದಕ್ಕೆ ಸರಿಸಿ, "ಸಾರು ಇನ್ನೊಂದು ಸೌಟು ಹಾಕಿ" ಎಂದರು. ಕಣ್ಣು ತೆರೆದೇ ಇತ್ತು. ಭುಜಂಗಯ್ಯ ಎದ್ದು ಹಾಕಿದರು. ಆಮೇಲೆ ತಾವಾಗಿಯೇ ಮಾತು ಶುರುಮಾಡಿದರು. ಹೆಂಡತಿ ಹೇಗೆ ಹಪ್ಪಳ ಸುಡುವಾಗಲೆಲ್ಲ ಹಾಡಿಕೊಳ್ಳುತ್ತಿದ್ದರು, ತಾವು ಅದಕ್ಕೆ ಹೇಗೆ ರೇಗುತ್ತಿದ್ದರು, ಹೀಗೆ. ನಮ್ಮವರು ಒಂದರ ಮೇಲೊಂದು ಕೇಳುತ್ತ ಹೋದರು. ನಗು ಬಂತು. ನೆರಳು ಅಂಗಳದ ಆ ಕಡೆಯಿಂದ ಈ ಕಡೆಗೆ ಬಂತು.

ದಫೇದಾರ ಬಾಗಿಲಿಂದ ಕತ್ತು ಚಾಚಿದ. ಹೊರಗೆ ತಿಮ್ಮಾಜಮ್ಮನೂ ಜನರೂ ಕಾದಿದ್ದರು.

"ಆಯ್ತಾ ಬುದ್ಧಿ?" ಎಂದ.

ನಮ್ಮವರು ತಮ್ಮ ಎಲೆಯ ಮೇಲೆ ಉಳಿದಿದ್ದ ಒಂದು ತುತ್ತು ಮೊಸರನ್ನವನ್ನು ನೋಡಿದರು. ಬೆರಳಿಂದ ಅದನ್ನು ಒಂದಿಷ್ಟು ಪಕ್ಕಕ್ಕೆ ಸರಿಸಿದರು.

"ಇನ್ನೂ ಇಲ್ಲಪ್ಪ. ಸ್ವಲ್ಪ ತಡಿ" ಎಂದು, ಭುಜಂಗಯ್ಯನವರ ಕಡೆ ತಿರುಗಿ, "ಆಮೇಲೆ ಏನಾಯ್ತು, ಹೇಳಿ" ಎಂದರು.